ಪತ್ರಿಕೆ ಹೋಗಿ ಪತ್ರೊಡೆ

ಶಿಕಾರಿಪುರದಿಂದ ಸೊರಬಕ್ಕೆ ಹೊರಟ ಬಸ್ಸಿನಲ್ಲಿ ನನ್ನ ಮುಂದಿನ ಸೀಟಿನ ಇಬ್ಬರು ಗೆಳತಿಯರು ಬ್ಲಾಕ್ ಆಫೀಸಿನವರ ಮಹಿಳಾ ಶಿಬಿರ ಮುಗಿಸಿ ಬರುತ್ತಿದ್ದರು. ಅವರಲ್ಲಿ ಗುಡ್ಡಮ್ಮ ಶಿಬಿರದಲ್ಲಿ ತಾನೇ ಬರೆದು, ಮಡಚಿ, ಹೊಲಿದ ಕೈಬರಹದ ಪತ್ರಿಕೆಯನ್ನು ಪಕ್ಕದ ಶೇಷಮ್ಮ ರೇಡಿಯೋ ವಾರ್ತೆಯವರ ಧಾಟಿಯಲ್ಲಿ ಓದತೊಡಗಿದಳು.

"‘ನನ್ನ ಅತ್ತೆಯವರನ್ನು ನಾನು ದಿನಾ ಬೆಳಿಗ್ಗೆ...’ ಪುಟ ತಿರುಗಿಸ್ತೀನಿ. ‘ಗಟ್ಟಿಯಾಗಿ ಸುರುಳಿ ಸುತ್ತಿ, ದಾರ ಕಟ್ಟಿ, ಹಬೆಯಲ್ಲಿ ಬೇಯಿಸಬೇಕು.’"

"ಅಯ್ಯೋ, ಅದು ಪತ್ರೊಡೆ ಮಾಡೋದು ಕಣೆ."

"ಹಂಗಾರೆ ಅತ್ತೆ ಎಲ್ಲಿ ಹೋದ್ರು?"

"ಕೆಸವಿನ ಎಲೆ ಪುಟದಲ್ಲಿ ನೋಡು."

"‘ಎಲೆಗಳನ್ನು ಚೆನ್ನಾಗಿ ತೊಳೆದು, ಕಾಲಿಗೆ ಬಿದ್ದು ಆಶೀರ್ವಾದ ಬೇಡುತ್ತೇನೆ.’ ಹಾಳೆ ಅದಲುಬದಲು ಹೊಲ್ದಿದೀಯ ಮಾರಾಯ್ತಿ. ಪತ್ರಿಕೆ ಹೋಗಿ ಪತ್ರೊಡೆ ಆಗಿದೆ."

"ನಗಬ್ಯಾಡ. ಏನು ಕಲ್ತೆ ಅಂತ ಅತ್ತೆ ಓದಿಸಿ ಕೇಳ್ತಾರೆ. ಅವರು ಮೆಚ್ಚಿದ್ರೆ ಮಾತ್ರ ನನ್ನ ಮುಂದಿನ ಶಿಬಿರಕ್ಕೆ ಕಳಿಸೋದು."

"ಬಿಚ್ಚಿ ಹೊಲಿಯಾಣ?"

"ಸೂಜಿ ಶಿಬಿರದಲ್ಲೇ ಉಳೀತು."

ಇಬ್ಬರೂ ಬಾಯಿಗೆ ಸೆರಗು ಒತ್ತಿಕೊಂಡರು. ನಾನು ಟವೆಲು ಒತ್ತಿಕೊಂಡೆ.

ಸೊರಬದಲ್ಲಿ ಇಳಿದಾಗ ಗುಡ್ಡಮ್ಮನ ಅತ್ತೆ ಬಂಗಾರಮ್ಮ ಎದುರಿಗೇ ನಿಂತಿದ್ದರು.

"ಏನು ಬರ್ದೆ? ಇಲ್ಲೇ ಓದು, ಕೇಳಾಣ."

"‘ನನ್ನ ಅತ್ತೆಯವರನ್ನು ನಾನು ದಿನಾ ಬೆಳಿಗ್ಗೆ...’"

"ಹ್ಞೂಂ, ಮುಂದೆ?"

ಶೇಷಮ್ಮ ಆಕಾಶ ನೋಡಿದಳು. ಗುಡ್ಡಮ್ಮ ಪತ್ರಿಕೆ ಮಡಚಿದಳು.

"ಮುಂದಿಂದು ಮುಂದಿನ ಶಿಬಿರದಲ್ಲಿ ಬರೀಬೇಕು ಅತ್ತೆ."

ಬಂಗಾರಮ್ಮ ಸೊಸೆಯ ಚೀಲ ಎತ್ತಿಕೊಂಡು ಮುಂದೆ ನಡೆದರು.

"ಹಂಗಾರೆ ಹೋಗಿ ಮುಗಿಸ್ಕಂಡು ಬಾ. ನನ್ನ ಅರ್ಧಕ್ಕೆ ಬಿಡಬ್ಯಾಡ."