ಹೆದರಿಕೊಂಡು ಕಟ್ಟಿದ ಸೇತುವೆ

ಅಧ್ಯಕ್ಷರೇ, ವೇದಿಕೆಯ ಮೇಲಿನ ಹಿರಿಯರೇ, ಇವತ್ತು ನಾವು ಹಾರ ಹಾಕಿ ಬೀಳ್ಕೊಡುತ್ತಿರುವ ಇಂಜಿನಿಯರ್ ಗೌರೀಶಂಕರ ಸಾಹೇಬರೇ, ಈ ಶಾಲೆಯ ಅಂಗಳದಲ್ಲಿ ಸೇರಿರುವ ಸಭಿಕರೇ,

ಮೊದಲು ನನ್ನನ್ನು ಕ್ಷಮಿಸಬೇಕು. ನಾಲ್ಕನೇ ಕ್ಲಾಸಿಗೇ ಸ್ಲೇಟು ಬಿಟ್ಟವನು ನಾನು. ಈ ಹಾಳೆಯ ಮೇಲಿನ ಅಕ್ಷರ ಕೋಳಿ ಕೆದರಿದ ಹಾಗಿದೆ, ಕಾಗುಣಿತವೂ ಸರಿಯಿಲ್ಲ. ನಡುವೆ ತಡವರಿಸಿದರೆ ನಗಬೇಡಿ, ನಕ್ಕರೆ ಕೂತುಬಿಡುತ್ತೇನೆ. ಕೂಲಿಯವರ ಪರವಾಗಿ ತಮ್ಮಯ್ಯನೇ ಮಾತಾಡಬೇಕೆಂದು ನಮ್ಮ ಮೇಸ್ತ್ರಿ ಪರಮಶಿವಯ್ಯನವರು ಹಠ ಹಿಡಿದರು. ತಪ್ಪು ಅವರದ್ದು.

ಸಾಹೇಬರು ನಮ್ಮ ಸೀಮೆಯವರಲ್ಲ. ದೇಶ ಎರಡಾದಾಗ ಢಾಕಾದ ಕಡೆಯಿಂದ ಮನೆಮಠ ಬಿಟ್ಟು ಬಂದವರು. ಹಾಸನದಲ್ಲಿ ರಸ್ತೆ ಮಾಡಿಸಿದರು, ಅರಕಲಗೂಡಿನ ಕಡೆ ಮೋರಿ ಕಟ್ಟಿಸಿದರು, ಚನ್ನರಾಯಪಟ್ಟಣದ ಹತ್ತಿರ ಕೆರೆಗೆ ಹೊಸ ತೂಬು ಕೂರಿಸಿದರು. ಕೊನೆಗೆ ನಮ್ಮ ಹೇಮಾವತಿ ಹೊಳೆಗೆ ಸೇತುವೆ ಕಟ್ಟಿಸಲು ಬಂದರು. ಅವರು ಕಟ್ಟಿಸಿದ್ದು ಯಾವುದಾದರೂ ಬಿರುಕು ಬಿಟ್ಟಿದೆಯೇ? ಇಲ್ಲ. ಯಾಕೆ ಬಿಟ್ಟಿಲ್ಲ? ಅದು ನನಗೆ ಗೊತ್ತಾದದ್ದು ನಿನ್ನೆ.

ನಮ್ಮ ಕೇರಿಯಲ್ಲಿ ಬಸುರಿ ಹೊಳೆ ದಾಟುವುದಿಲ್ಲ. ಆಸ್ಪತ್ರೆ ಇರುವುದು ಆಚೆ ದಡದ ಹೊಳೆನರಸೀಪುರದಲ್ಲಿ. ನನ್ನ ಅಕ್ಕ ಶಿವಗಂಗಮ್ಮ ಹೆರಿಗೆ ನೋವಿನಲ್ಲಿ ಈಚೆ ದಡದಲ್ಲೇ ಹೋದಳು. ಅವತ್ತು ಹೊಳೆ ತುಂಬಿರಲಿಲ್ಲ. ಹರಿಗೋಲು ದಡದಲ್ಲೇ ಇತ್ತು. ಯಾರೂ ಅವಳನ್ನು ಹತ್ತಿಸಲಿಲ್ಲ.

ಈಗ ನನ್ನ ಹೆಂಡತಿ ಮಾಯಮ್ಮನಿಗೆ ತಿಂಗಳು ತುಂಬಿದೆ. ಸೂಲಗಿತ್ತಿ ಬಸವಲಿಂಗಮ್ಮ ಹೊಟ್ಟೆ ಮುಟ್ಟಿ ನೋಡಿ, ಮಗು ಅಡ್ಡ ಮಲಗಿದೆ, ಇದು ನನ್ನ ಕೈಲಾಗದು, ಆಸ್ಪತ್ರೆಗೆ ಹೋಗಿ ಅಂದುಬಿಟ್ಟಳು. ಆಗಿನಿಂದ ನನಗೆ ಅನ್ನ ಇಳಿದಿಲ್ಲ. ಈಗ ಸೇತುವೆ ಇದೆಯಲ್ಲ ಎಂದರೆ, ಅದರ ಕೆಳಗೆ ಇರುವುದು ಹೊಳೆಯೇ ಅಲ್ಲವೇ ಎನ್ನುತ್ತಾರೆ ನಮ್ಮವರು. ನಮ್ಮವ್ವ ಮಾದಮ್ಮ ಬಾಗಿಲಿಗೆ ಅಡ್ಡ ಕೂತುಬಿಟ್ಟಳು. “ಎರಡು ಜೀವ ಕಂಡ್ರೆ ಗಂಗಮ್ಮ ಒಂದ ಕೇಳ್ತಾಳೆ ಕಣ್ಲಾ.”

ಒಳಗಿಂದ ಮಾಯಮ್ಮ ಅಂದಳು: “ನಿಮ್ಮವ್ವ ಒಳೆಗೆ ಎದರ್ತದೆ, ನೀನು ನಿಮ್ಮವ್ವಂಗೆ ಎದರ್ತೀಯ. ನಾನು ಯಾರಿಗೆ ಎದರ್ಲಿ, ನೀನೇ ಯೋಳು.”

ಸಭಿಕರೇ, ಈ ಸೇತುವೆಗೆ ಮರಳು ಹೊತ್ತವನು ನಾನು. ಕಂಬದ ಬುಡ ಬಂಡೆಗೆ ಕೂತದ್ದನ್ನು ಕಣ್ಣಾರೆ ಕಂಡವನು. ಆದರೂ ಹೆಂಡತಿಯ ಕೈ ಹಿಡಿದು ದಾಟುವ ಧೈರ್ಯ ನನಗಿತ್ತೇ? ಇರಲಿಲ್ಲ. ನಿನ್ನೆ ಸಾಹೇಬರ ಹತ್ತಿರ ಹೋಗಿ, ಇದು ಬೀಳುವುದಿಲ್ಲ ಅಂತ ಒಂದು ಮಾತು ಹೇಳಿ ಸಾ ಎಂದು ಕೇಳಿದೆ. ಅವರು ಆ ಮಾತು ಹೇಳಲಿಲ್ಲ. ತಮ್ಮ ಅರೆಬರೆ ಕನ್ನಡದಲ್ಲಿ ಅಂದರು: “ನನಗೂ ಭಯ, ತಮ್ಮಯ್ಯ. ದಿನಾ ಭಯ. ಭಯ ಇಲ್ಲ ಅಂದರೆ ಸಿಮೆಂಟ್ ಕಮ್ಮಿ ಹಾಕ್ತಾ ಇದ್ದೆ.”

ಆಮೇಲೆ, ನಿನ್ನ ಹೆಂಡತಿ ಈ ಸೇತುವೆ ದಾಟುವ ಬೆಲ್ಲದ ಗಾಡಿಗಿಂತ ಭಾರವೇ ಎಂದು ಕೇಳಿ ತಾವೇ ನಕ್ಕರು. ನನಗೆ ನಗು ಬರಲಿಲ್ಲ. ಹೆದರಿಕೆ ನಮಗೂ ಇತ್ತು. ಅದನ್ನು ಇಟ್ಟುಕೊಂಡು ನಾವು ದಡದಲ್ಲಿ ಕೂತೆವು, ಅವರು ಕಟ್ಟುತ್ತಾ ಹೋದರು. ಹೀಗೆ ಹೇಳಿದ್ದು ಅಧಿಕಪ್ರಸಂಗವಾದರೆ ಹಿರಿಯರು ಹೊಟ್ಟೆಗೆ ಹಾಕಿಕೊಳ್ಳಬೇಕು.

ಸಾಹೇಬರು ಹೋದ ಕಡೆ ಚೆನ್ನಾಗಿರಲಿ. ಕೇಳಿದ ನಿಮಗೆಲ್ಲ ವಂದನೆ. ಇನ್ನು ಉಳಿದ ಮಾತು ಹಿಂದಿನ ಸಾಲಿನಲ್ಲಿ ಕೂತಿರುವ ನಮ್ಮವ್ವನಿಗೆ. ಅವ್ವಾ, ಮಾಯಮ್ಮ ಒಳಗೆ ಮಲಗಿದ್ದಾಳೆ ಎಂದು ನಿನಗೆ ಹೇಳಿದ್ದು ಸುಳ್ಳು. ಬೆಳಿಗ್ಗೆ ನೀನು ಸೌದೆಗೆ ಹೋದಾಗ ಅವಳನ್ನು ಸೇತುವೆ ದಾಟಿಸಿದೆ. ನಡುವಿನ ಕಂಬದ ಹತ್ತಿರ ನಾನೇ ನಿಂತುಬಿಟ್ಟೆ. ಅವಳು ನನ್ನ ತೋಳು ಹಿಡಿದು ನಡೆಸಿದಳು. ಡಾಕ್ಟರಮ್ಮ ಇನ್ನೂ ಏನೂ ಹೇಳಿಲ್ಲ. ಆಸ್ಪತ್ರೆಯ ಮೆಟ್ಟಿಲ ಮೇಲೆ ಕೂರಿಸಿ, ಅವಳ ಕಾಲಿಗೆ ಮೆತ್ತಿದ್ದ ಸಿಮೆಂಟಿನ ಧೂಳು ತೊಳೆದು, ಒಳಗೆ ಸೇರಿಸಿ ಬಂದಿದ್ದೇನೆ. ನಮಸ್ಕಾರ.