ಶಿವನಂಜಮ್ಮನ ಕಂಪ್ಯೂಟರ್ ಪರೀಕ್ಷೆ

ಮದ್ದೂರಿನ ಬಸ್ ನಿಲ್ದಾಣದಲ್ಲಿ ಕೊಪ್ಪದ ಬಸ್ಸಿಗೆ ಕಾಯುತ್ತಿದ್ದ ಹೊಂಬಾಳಮ್ಮನ ಪಕ್ಕ ಇಬ್ಬರು ಸರ್ಕಾರಿ ಗುಮಾಸ್ತೆಯರು ಬಂದು ಕೂತರು.

"ಬಡ್ತಿ ಪಟ್ಟೀಲಿ ನನ್ನೆಸ್ರಿಲ್ಲ ಕಣೆ, ಮಂಜುಶ್ರೀ. ಕಂಪ್ಯೂಟರ್ ಪರೀಕ್ಷೆ ಪಾಸಾಗಿಲ್ವಂತೆ," ಎಂದಳು ಹಿರಿಯಳು.

"ಇಪ್ಪತ್ತೊಂದು ವರ್ಸ ದುಡ್ದಿದ್ದು ಲೆಕ್ಕಕ್ಕಿಲ್ವಾ, ಶಿವನಂಜಕ್ಕ?"

"ಸರ್ಟಿಫಿಕೇಟೇ ಬೇಕಂತೆ. ಆ ಪಟ್ಟೀನ ಕಂಪ್ಯೂಟರಲ್ಲಿ ಟೈಪ್ ಮಾಡಿದ್ದೇ ನಾನು!"

"ನಿನ್ನೆಸ್ರು ಬುಟ್ಟು ನೀನೇ ಮಾಡ್ಕೊಟ್ಯಾ?"

"ಇನ್ನೇನ್ಮಾಡ್ಲಿ? ಸಾಹೇಬ್ರಿಗೆ ಕಂಪ್ಯೂಟರ್ ಬರಾಕಿಲ್ಲ."

"ಆ ಪರೀಕ್ಷೆ ಬರ್ದು ಬಿಸಾಕಕ್ಕ."

"ಎರಡು ಸಲ ಕಟ್ಟಿದ್ದೆ. ಎರಡು ಸಲಾನೂ ಕೆಲ್ಸ ಐತೆ ಅಂತ ರಜಾ ಕೊಡ್ಲಿಲ್ಲ."

ಮಂಡ್ಯದ ಬಸ್ಸು ಬಂತು. ಶಿವನಂಜಮ್ಮ ಬ್ಯಾಗು ಎತ್ತಿಕೊಂಡಳು.

"ಈ ಸಲ ರಜಾ ಕೇಳಾಕಿಲ್ಲ. ಪರೀಕ್ಷೆಗೆ ಓಗಿವ್ನಿ ಅಂತ ಚೀಟಿ ಬರ್ದಿಟ್ಟು ಓಯ್ತೀನಿ."

"ಓಗು ಕಣಮ್ಮ!" ಎಂದುಬಿಟ್ಟಳು ಹೊಂಬಾಳಮ್ಮ. ಅವರಿಬ್ಬರೂ ಆಗಲೇ ಬಸ್ಸು ಹತ್ತಿಯಾಗಿತ್ತು.