ಅಣ್ಣಮ್ಮ ತಿರುಗಿ ನೋಡುವ ಜಾಗ

ಅತ್ತಿಗುಪ್ಪೆಯಲ್ಲಿ ಸಂಜೆಯಿಂದಲೇ ಮಳೆ ಹಿಡಿದಿತ್ತು, ಮೆಟ್ರೋ ಹಾದುಹೋದ ಸದ್ದೂ ಕೇಳಿಸದಷ್ಟು ಜೋರು. ಕರೆಂಟು ಹೋಗಿ ಗಗನಾಳ ಲ್ಯಾಪ್‌ಟಾಪಿನ ಬೆಳಕೊಂದೇ ಉಳಿದಾಗ ಮನೆಯವರೆಲ್ಲ ಅದರ ಸುತ್ತ ಸೇರಿದರು. ತಾತನ ಟ್ರಂಕಿನಲ್ಲಿ ಸಿಕ್ಕಿದ ಹಳೆಯ ಮೂಕಿ ಚಿತ್ರದ ತುಂಡು ರೀಲನ್ನು ಅವಳು ಸ್ಕ್ಯಾನ್ ಮಾಡಿಸಿದ್ದಳು. ನಾಳೆ ವಿಜಯನಗರದಲ್ಲಿ ಅದರ ಪ್ರದರ್ಶನ. ಬರೀ ಮೌನವಾದರೆ ಜನ ಎದ್ದು ಹೋದಾರೆಂದು ಉದ್ದಕ್ಕೂ ಪಿಟೀಲು ಸೇರಿಸಿದ್ದಳು. ಆದರೆ ಬಾಗಿಲು ದಾಟಿದ ಹೆಂಗಸು ತಿರುಗಿ ನೋಡುವಲ್ಲಿ ಮಾತ್ರ ಪಿಟೀಲು ನಿಂತುಹೋಗುತ್ತಿತ್ತು. ಎಷ್ಟು ಸಲ ಸೇರಿಸಿದರೂ ಅಷ್ಟೇ.

"ಸಾಕಾಗೋಯ್ತು ತಾತ. ಸಾಫ್ಟ್‌ವೇರೇ ಕೆಟ್ಟಿರ್ಬೇಕು."

ವೆಂಕಟಗಿರಿ ತಾತ ಕಾಫಿ ಲೋಟವನ್ನು ಎರಡೂ ಕೈಯಲ್ಲಿ ಹಿಡಿದು ನಕ್ಕರು.

"ಏನೂ ಕೆಟ್ಟಿಲ್ಲ ಕಣೇ. ಆಕೆ ಅಣ್ಣಮ್ಮ. ನಮ್ಮ ದೇಶದಲ್ಲಿ ಸಿನಿಮಾ ಆಗಿನ್ನೂ ಕಣ್ಣು ಬಿಡ್ತಿತ್ತು, ಹೆಣ್ಣಿನ ಪಾತ್ರಕ್ಕೂ ಗಂಡಸರೇ ಮೀಸೆ ಬೋಳಿಸಿ ಸೀರೆ ಉಡೋರು... ಅಂಥಾದ್ರಲ್ಲಿ ಗಂಡ ಪುರುಷೋತ್ತಮ ಚಿತ್ರ ತೆಗೀತೀನಿ ಅಂದಾಗ, ನಾನೇ ಬರ್ತೀನಿ ನಡೀರಿ ಅಂತ ಸೆರಗು ಕಟ್ಟಿ ನಿಂತ ಮಹಾತಾಯಿ. ಯಾವ ಪುಸ್ತಕದಲ್ಲಿದೆ ಅವರಿಬ್ಬರ ಹೆಸರು, ಹೇಳು? ಚಿತ್ರ ತೆರೆಗೆ ಬರೋ ಹೊತ್ತಿಗೆ ಆಕೆ ಜ್ವರ ಬಂದು ಹೋಗ್ಬಿಟ್ರು...

"ಆಗೆಲ್ಲ ಮೂಕಿ ಚಿತ್ರಕ್ಕೆ ಪರದೆ ಪಕ್ಕ ಒಬ್ಬರು ನಿಂತು ಕತೆ ಹೇಳ್ಬೇಕಿತ್ತು. ನಾಯಂಡಹಳ್ಳಿ ಟೆಂಟಿನಲ್ಲಿ ಪುರುಷೋತ್ತಮನೇ ಹೇಳೋರು. ಕೋಲಿನಿಂದ ಪರದೆ ಗಳಕ್ಕೆ ಟಕ್ ಟಕ್ ಅಂತ ತಟ್ಟಿ, ಆಮೇಲೇ ಮಾತು. ಮೆಷಿನ್ ಹಿಡಿಕೆ ತಿರುಗಿಸ್ತಿದ್ದ ನಮ್ಮಪ್ಪ ಕಣ್ಣಾರೆ ಕಂಡೋರು. ಅಣ್ಣಮ್ಮ ತಿರುಗಿ ನೋಡಿದಾಗ ಆಕೆ ಆಡೋ ಮಾತನ್ನ ಇವರು ಹೇಳಿದ್ರೆ ಇಡೀ ಟೆಂಟು ಮೂಗು ಒರೆಸ್ಕೊಳ್ಳೋದಂತೆ. ಆ ಒಂದು ಗಳಿಗೆಗೋಸ್ಕರವೇ ಬದುಕಿದ್ರು ಆ ಮನುಷ್ಯ... ಒಂದಿನ ಟೆಂಟಿನ ಯಜಮಾನ ಗ್ರಾಮಫೋನ್ ತಂದ. ಕತೆ ಹೇಳೋದೆಲ್ಲ ಹಳೇದಾಯ್ತು, ಸಂಗೀತ ಸಾಕು, ಬಾಯಿ ಮುಚ್ಕೊಂಡು ಕೂತ್ಕೋ ಅಂದ. ಕೂತ್ರು. ಹೆಂಡ್ತಿ ತಿರುಗಿದ್ರು... ಇವರು ಬಾಯಿ ತೆರೆದ್ರು... ಹಾಗೇ ಒರಗಿ ಪ್ರಾಣ ಬಿಟ್ರು. ಮಾತು ಒಳಗೇ ಉಳೀತು. ಆವತ್ತಿಂದ ಆ ಜಾಗ ಬಂದಾಗಲೆಲ್ಲ ಗ್ರಾಮಫೋನ್ ತಾನಾಗೇ ನಿಂತ್ಹೋಗ್ತಿತ್ತಂತೆ. ಹೆದರಿ ರೀಲನ್ನ ಟ್ರಂಕಿಗೆ ಹಾಕಿದ್ದು ನಮ್ಮಪ್ಪನೇ. ಹೆದರೋಕೇನಿತ್ತು? ಪಾಪ, ನನ್ನ ಮಾತಿಗೆ ಸ್ವಲ್ಪ ಜಾಗ ಬಿಡಿ ಅಂತ ತಾನೇ ಪುರುಷೋತ್ತಮ ಕೇಳಿದ್ದು?"

ಅದೇ ತಪ್ಪನ್ನು ತಾನೂ ಮಾಡಹೊರಟಿದ್ದೆನಲ್ಲ ಎಂದು ಗಗನಾಳಿಗೆ ನಾಚಿಕೆಯಾಯಿತು. ಪಿಟೀಲನ್ನು ಪೂರ್ತಿ ಅಳಿಸಿ ಚಿತ್ರವನ್ನು ಮೊದಲಿಂದ ಬಿಟ್ಟಳು. ಅಣ್ಣಮ್ಮ ಬಾಗಿಲು ದಾಟಿದಳು, ನಿಂತಳು, ತಿರುಗಿ ನೋಡಿದಳು.

ಕಿಟಕಿ ಪರದೆಯ ಸರಳಿನ ಮೇಲೆ ಟಕ್ ಟಕ್ ಎಂದು ಕೋಲು ತಟ್ಟಿದ ಸದ್ದಾಯಿತು. ತಾತನ ಎರಡೂ ಕೈ ಲೋಟದ ಮೇಲೇ ಇದ್ದವು.

"ಹೆದರ್ಬೇಡ್ರೋ," ಎಂದರು ತಾತ, ಮೆಲ್ಲಗೆ. "ನನ್ನ ಕತೆ ಇಲ್ಲಿಗೆ ಮುಗೀತು... ಇನ್ನು ಮುಂದಿನದನ್ನ ಅವರೇ ಹೇಳ್ತಾರೆ."